ವಿಚ್ಛೇದನ ಹೆಚ್ಚಾಗಲು ಹೆಣ್ಣುಮಕ್ಕಳ ಓದೇ ಕಾರಣವೇ?

ಪ್ರಶ್ನೆ: ಹರಿಹರದ ತಂದೆ

ಎಲ್ಲರಿಗೂ ನಮಸ್ಕಾರ. ನನ್ನ ಮಗಳು ಬಿ.ಎಸ್ಸಿ. ನರ್ಸಿಂಗ್ ಮುಗಿಸಿ ದಾವಣಗೆರೆಯ ಒಂದು ಆಸ್ಪತ್ರೆಯಲ್ಲಿ ಕೆಲಸಕ್ಕಿದ್ದಾಳೆ. ಈ ವರ್ಷ ಗಂಡು ನೋಡಲು ಶುರು ಮಾಡಿದ್ದೇವೆ. ಹೋದ ಭಾನುವಾರ ನಮ್ಮ ಸಮಾಜದ ವಧು-ವರರ ಸಮಾವೇಶಕ್ಕೆ ಅವಳನ್ನೂ ಕರೆದುಕೊಂಡು ಹೋಗಿದ್ದೆ. ವೇದಿಕೆ ಮೇಲಿದ್ದ ಹಿರಿಯರೊಬ್ಬರು, "ಹೆಣ್ಣುಮಕ್ಕಳನ್ನು ಮಿತಿಮೀರಿ ಓದಿಸಿದ್ದೇ ತಪ್ಪಾಯಿತು, ಈಗ ಎರಡು ಮದುವೆಗೆ ಒಂದು ಡೈವೋರ್ಸ್" ಎಂದರು. ಸಭೆ ಚಪ್ಪಾಳೆ ತಟ್ಟಿತು. ಮಗಳು ನನ್ನ ಪಕ್ಕದಲ್ಲೇ ಕುಳಿತಿದ್ದಳು. ಊಟಕ್ಕೂ ನಿಲ್ಲದೆ ಹೊರಟು ಬಂದೆವು.

ಅಲ್ಲಿ ಮಾತಿಗೆ ಸಿಕ್ಕ ಎರಡು ಮನೆಯವರೂ ಕೇಳಿದ ಮೊದಲ ಪ್ರಶ್ನೆ, "ಮದುವೆಯಾದ ಮೇಲೆ ಕೆಲಸ ಬಿಡುತ್ತಾಳೆ ತಾನೇ?" ಎಂಬುದು. ಸದ್ಯಕ್ಕೆ ಹೂಂ ಎನ್ನಿ, ಆಮೇಲೆ ನೋಡಿಕೊಂಡರಾಯಿತು ಎನ್ನುತ್ತಾಳೆ ನನ್ನ ಹೆಂಡತಿ. ನನಗೆ ಮನಸ್ಸಿಲ್ಲ. ಅವಳನ್ನು ಓದಿಸಲು ನಾವು ಪಟ್ಟ ಪಾಡು ನಮಗೇ ಗೊತ್ತು.

ತಿಳಿದವರು ದಯವಿಟ್ಟು ಹೇಳಿ. ಆ ಹಿರಿಯರ ಲೆಕ್ಕ ನಿಜವೇ? ಮದುವೆಗಳು ನಿಜಕ್ಕೂ ಯಾವುದರಿಂದ ಮುರಿಯುತ್ತಿವೆ? ಹೆಣ್ಣು ಕೊಡುವ ಮೊದಲು ನನ್ನಂಥವನು ಏನನ್ನು ನೋಡಬೇಕು?

ಉತ್ತರ 1: ಕಪ್ಪುಕೋಟು

ಸರ್, ನಾನು ಕೌಟುಂಬಿಕ ನ್ಯಾಯಾಲಯದಲ್ಲಿ ವಕೀಲಿ ವೃತ್ತಿ ಮಾಡುವವಳು. ನಿಮ್ಮ ಮಗಳು ಆ ಮಾತನ್ನೂ ಅದಕ್ಕೆ ಬಿದ್ದ ಚಪ್ಪಾಳೆಯನ್ನೂ ಕೇಳಿಸಿಕೊಳ್ಳಬೇಕಾಯಿತಲ್ಲ ಎಂದು ಓದುತ್ತಲೇ ಸಿಟ್ಟು ಬಂತು. ಮೊದಲು ಆ ಲೆಕ್ಕದ ಮಾತು ಮುಗಿಸಿಬಿಡುತ್ತೇನೆ.

"ಎರಡಕ್ಕೆ ಒಂದು" ಎನ್ನುವವರು ಈ ವರ್ಷ ನಡೆದ ಮದುವೆಗಳನ್ನು ಈ ವರ್ಷ ಬಿದ್ದ ಕೇಸುಗಳ ಜೊತೆ ತಾಳೆ ಹಾಕುತ್ತಾರೆ. ಈ ವರ್ಷ ಕೇಸು ಹಾಕಿದವರು ಕಳೆದ ಇಪ್ಪತ್ತು ಮೂವತ್ತು ವರ್ಷಗಳಲ್ಲಿ ಯಾವಾಗಲೋ ಮದುವೆಯಾದವರು. ಊರಿನಲ್ಲಿ ಈ ವರ್ಷ ನೂರು ಕೂಸು ಹುಟ್ಟಿ ಐವತ್ತು ಜನ ತೀರಿಕೊಂಡರೆ, ಹುಟ್ಟಿದ ಕೂಸುಗಳಲ್ಲಿ ಅರ್ಧ ಸತ್ತವು ಎನ್ನುತ್ತೇವೆಯೇ? ಇನ್ನೊಂದು, ಒಂದೇ ಜೋಡಿಯಿಂದ ವಿಚ್ಛೇದನದ ಅರ್ಜಿ, ಜೀವನಾಂಶದ ಅರ್ಜಿ, ಮಗು ಯಾರ ಬಳಿ ಇರಬೇಕೆಂಬ ಅರ್ಜಿ, ಕೌಟುಂಬಿಕ ದೌರ್ಜನ್ಯದ ಅರ್ಜಿ, ಜೊತೆಗೆ "ಹೆಂಡತಿಯನ್ನು ಸಂಸಾರಕ್ಕೆ ಕಳುಹಿಸಿಕೊಡಿ" ಎಂಬ ಗಂಡನ ಅರ್ಜಿ, ಹೀಗೆ ನಾಲ್ಕೈದು ಕಡತಗಳು ಏಳುತ್ತವೆ. ಕಡತ ಎಣಿಸಿದರೆ ಮುರಿದ ಮನೆಗಳ ಲೆಕ್ಕ ಸಿಗುವುದಿಲ್ಲ.

ದೇಶದ ಅಂಕಿಅಂಶ ಎಂದರೆ 2011ರ ಜನಗಣತಿಯದು. ವಿಚ್ಛೇದಿತರು ಎಂದು ಬರೆಸಿದವರು ಸುಮಾರು 13.6 ಲಕ್ಷ. ಮದುವೆಯಾದವರ ಲೆಕ್ಕದಲ್ಲಿ ಇದು ಶೇಕಡಾ 0.25ರಷ್ಟೂ ಇಲ್ಲ. ಆದರೆ "ಬೇರೆಯಾಗಿ ವಾಸಿಸುತ್ತಿದ್ದೇನೆ" ಎಂದವರು ಇದರ ಸುಮಾರು ಎರಡೂವರೆ ಪಟ್ಟು ಇದ್ದರು. ಸೂರಜ್ ಜೇಕಬ್ ಮತ್ತು ಶ್ರೀಪರ್ಣಾ ಚಟ್ಟೋಪಾಧ್ಯಾಯ ಎಂಬ ಸಂಶೋಧಕರು ಈ ಅಂಕಿಗಳನ್ನು ಬಿಡಿಸಿ ನೋಡಿ 2016ರಲ್ಲಿ 'ಎಕನಾಮಿಕ್ ಅಂಡ್ ಪೊಲಿಟಿಕಲ್ ವೀಕ್ಲಿ'ಯಲ್ಲಿ ಬರೆದರು. ಪೇಟೆಗೂ ಹಳ್ಳಿಗೂ ಹೇಳಿಕೊಳ್ಳುವಂಥ ಅಂತರ ಅವರಿಗೆ ಕಾಣಲಿಲ್ಲ. ಮಿಜೋರಾಂ ಎಲ್ಲರಿಗಿಂತ ಮುಂದಿತ್ತು. ಉತ್ತರ ಪ್ರದೇಶ, ಬಿಹಾರದಂಥ ರಾಜ್ಯಗಳಲ್ಲಿ ವಿಚ್ಛೇದನ ತೀರಾ ಕಡಿಮೆ. ವಿಚ್ಛೇದಿತರಲ್ಲೂ ಬೇರೆಯಾದವರಲ್ಲೂ ಹೆಂಗಸರೇ ಹೆಚ್ಚು, ಏಕೆಂದರೆ ಗಂಡಸರು ಬೇಗ ಇನ್ನೊಂದು ಮದುವೆಯಾಗಿ ಮತ್ತೆ "ವಿವಾಹಿತರು" ಎಂಬ ಸಾಲಿಗೆ ಸೇರಿಬಿಡುತ್ತಾರೆ.

ವಿಚ್ಛೇದನ ಕಡಿಮೆ ಇರುವ ಕಡೆ ಸಂಸಾರಗಳು ಸುಖವಾಗಿವೆ ಎಂದು ಇದರಿಂದ ಹೇಳಲು ಬರುವುದಿಲ್ಲ. ಹೆಂಗಸಿಗೆ ಹೊರಬರಲು ದಾರಿ ಇದೆಯೇ ಇಲ್ಲವೇ ಎಂಬುದನ್ನಷ್ಟೇ ಆ ಸಂಖ್ಯೆ ಹೇಳುತ್ತದೆ. ಕೈಯಲ್ಲಿ ನಾಲ್ಕು ಕಾಸು, ಬಾಗಿಲು ತೆರೆಯುವ ತವರು, ಬಸ್ಸಿನಲ್ಲಿ ಹೋಗಿ ಬರುವಷ್ಟು ಹತ್ತಿರದ ಕೋರ್ಟು. ಈ ಮೂರೂ ಇದ್ದಲ್ಲಿ ಅರ್ಜಿ ಬೀಳುತ್ತದೆ. ಇಲ್ಲದಿದ್ದಲ್ಲಿ ಅವಳು ಏಟು ತಿಂದುಕೊಂಡೇ ಇರುತ್ತಾಳೆ, ಅಥವಾ ಕಾಗದಪತ್ರವಿಲ್ಲದೆ ಅಣ್ಣನ ಮನೆಯ ಹಿತ್ತಲ ಕೋಣೆಯಲ್ಲಿ ಬದುಕು ಕಳೆಯುತ್ತಾಳೆ. ಶಕ್ತಿ ಯೋಜನೆಯಲ್ಲಿ ಬಸ್ ಉಚಿತವಾದ ಮೇಲೆ ದೂರದ ಹಳ್ಳಿಗಳ ಹೆಂಗಸರು ವಾಯಿದೆಗೆ ತಪ್ಪದೆ ಬರುವುದನ್ನು ನೋಡುತ್ತಿದ್ದೇನೆ. ಇದನ್ನು "ಡೈವೋರ್ಸ್ ಹೆಚ್ಚಾಯಿತು" ಎಂದು ಗೋಳಾಡುವವರ ಜೊತೆ ನನಗೆ ಮಾತೇ ಬೇಡವೆನಿಸುತ್ತದೆ.

ಇನ್ನು ಕಾರಣಗಳು. ಅರ್ಜಿಯಲ್ಲಿ ಬರೆದ ಕಾರಣ ಬೇರೆ, ಮನೆಯಲ್ಲಿ ನಡೆದದ್ದು ಬೇರೆ. 1955ರ ಹಿಂದೂ ವಿವಾಹ ಕಾಯ್ದೆಯ 13ನೇ ಕಲಂ ಒಪ್ಪುವ ಕಾರಣಗಳು ಇಷ್ಟೇ ಎಂದು ಗೊತ್ತಿರುವುದರಿಂದ ಎಲ್ಲ ಕಥೆಗಳನ್ನೂ ನಾವು ವಕೀಲರು ಅದೇ ಅಚ್ಚಿಗೆ ಎರೆಯಬೇಕಾಗುತ್ತದೆ: ಕ್ರೌರ್ಯ, ಇಲ್ಲವೇ ಎರಡು ವರ್ಷದ ಪರಿತ್ಯಾಗ. ಇವೆರಡೂ ವಿಚ್ಛೇದನಕ್ಕೆ ನೇರ ಕಾರಣಗಳಾದದ್ದು 1976ರ ತಿದ್ದುಪಡಿಯಿಂದ. ಪರಸ್ಪರ ಒಪ್ಪಿಗೆಯ ವಿಚ್ಛೇದನ, ಅಂದರೆ 13ಬಿ, ಬಂದದ್ದೂ ಆಗಲೇ. "ಈ ಮದುವೆಯಲ್ಲಿ ಇನ್ನು ಜೀವವಿಲ್ಲ" ಎಂಬುದೊಂದೇ ಕಾರಣಕ್ಕೆ ಬಿಡುಗಡೆ ಕೊಡುವ ಅಧಿಕಾರ ಕೆಳಗಿನ ನ್ಯಾಯಾಲಯಗಳಿಗೆ ಇವತ್ತಿಗೂ ಇಲ್ಲ. 2023ರ ಮೇ ತಿಂಗಳಲ್ಲಿ ಸಂವಿಧಾನ ಪೀಠ ಹೇಳಿದಂತೆ ಸುಪ್ರೀಂ ಕೋರ್ಟ್ ಮಾತ್ರ ಸಂವಿಧಾನದ 142ನೇ ವಿಧಿಯಡಿ ಹಾಗೆ ಮಾಡಬಹುದು. ಹಾಗಾಗಿ ಒಬ್ಬರಿಗೆ ಒಪ್ಪಿಗೆ ಇಲ್ಲದಿದ್ದರೆ ಇನ್ನೊಬ್ಬರು ಕ್ರೌರ್ಯವನ್ನೋ ಕಾಯ್ದೆ ಒಪ್ಪುವ ಇನ್ನೊಂದು ಕಾರಣವನ್ನೋ ರುಜುವಾತು ಮಾಡಲೇಬೇಕು. ಸಣ್ಣ ಜಗಳವೂ ದೊಡ್ಡದಾಗಿ ಕಾಗದಕ್ಕಿಳಿಯುತ್ತದೆ. ಆಮೇಲೆ ಅದೇ ಕಾಗದ ನೋಡಿದ ಜನ, "ನೋಡಿ, ಎಂಥ ಹೆಂಗಸರು" ಎನ್ನುತ್ತಾರೆ.

ನಾನು ಬರೆದ ಮತ್ತು ಓದಿದ ಅರ್ಜಿಗಳಲ್ಲಿ ಮತ್ತೆ ಮತ್ತೆ ಬರುವ ಒಂದು ವಾಕ್ಯವಿದೆ: "ಆಷಾಢಕ್ಕೆಂದು ತವರಿಗೆ ಹೋದವಳು ಶ್ರಾವಣ ಕಳೆದರೂ ಮರಳಿ ಬರಲಿಲ್ಲ." ಇನ್ನೊಂದು: "ಹೆರಿಗೆಗೆ ಹೋದವಳು ಮಗುವಿಗೆ ವರ್ಷ ತುಂಬಿದರೂ ಬರಲಿಲ್ಲ." ಜಗಳವಾಡಿ ರಾತ್ರೋರಾತ್ರಿ ಮನೆ ಬಿಟ್ಟವರಿಗಿಂತ, ಶಾಸ್ತ್ರಕ್ಕೆಂದು ಹೋಗಿ ತಿರುಗಿ ಬಾರದವರನ್ನೇ ನಾನು ಹೆಚ್ಚು ಕಂಡಿದ್ದೇನೆ. ಮದುವೆಯಾಗಿ ಮೂರು ತಿಂಗಳಲ್ಲಿ ಆ ಹುಡುಗಿ ಏನು ಕಂಡಿದ್ದಾಳೋ ಅದನ್ನು ತಾಯಿಯ ಮುಂದೆ ಮೊದಲ ಸಲ ಬಾಯಿಬಿಡುವುದು ಆಷಾಢದಲ್ಲಿ. ಬಾಣಂತನದ ಕಥೆಯೂ ಅದೇ. ಗಂಡನ ಮನೆಯವರು ಕೂಸು ನೋಡಲು ಬಂದರೇ, ಹೆಣ್ಣುಮಗು ಎಂದು ಮುಖ ತಿರುಗಿಸಿದರೇ, ನಾಮಕರಣಕ್ಕೆ ತೊಟ್ಟಿಲು ಬಳೆ ಯಾರು ತರಬೇಕೆಂಬ ಮಾತು ಎಲ್ಲಿಗೆ ಮುಟ್ಟಿತು? ಆಗ ಯಾರೂ ಕರೆಯಲು ಬರುವುದಿಲ್ಲ. ಇವರೂ ಕಳುಹಿಸುವುದಿಲ್ಲ. ಮೊದಲ ನೋಟಿಸ್ ಬರುವ ಹೊತ್ತಿಗೆ ಮಗು ನಡೆಯುತ್ತಿರುತ್ತದೆ.

ಆ ಮೂರು ತಿಂಗಳಲ್ಲಿ ಕಂಡದ್ದೇನು ಎಂದರೆ, ಕುಡಿತ ಎಲ್ಲಕ್ಕಿಂತ ಮೊದಲು. ಅದರ ಬೆನ್ನಿಗೇ ಮುಚ್ಚಿಟ್ಟ ಸಂಗತಿಗಳು: ಕಾಯಂ ಎಂದದ್ದು ಗುತ್ತಿಗೆ ಕೆಲಸ, ಸ್ವಂತ ಮನೆ ಎಂದದ್ದು ಭೋಗ್ಯದ ಮನೆ, ಹೇಳದೇ ಬಿಟ್ಟ ಕಾಯಿಲೆ, ಬಲವಂತಕ್ಕೆ ಹಸೆಮಣೆ ಏರಿದ ಹುಡುಗ ಅಥವಾ ಹುಡುಗಿ. ನಂತರ ದುಡ್ಡು. ಸೊಸೆಯ ಎಟಿಎಂ ಕಾರ್ಡ್ ಅತ್ತೆಯ ಬೀರುವಿನಲ್ಲಿ. ಅವಳ ಚಿನ್ನ ಒತ್ತೆಗೆ ಹೋಗಿ ಬಿಡಿಸಿಕೊಳ್ಳದೇ ಹರಾಜಾಯಿತು. ಸ್ವಸಹಾಯ ಸಂಘದ ಸಾಲ ಅವಳ ಹೆಸರಿಗೆ, ಖರ್ಚು ಮೈದುನನ ಬೈಕಿಗೆ. ಮಕ್ಕಳಾಗಲಿಲ್ಲವೆಂದು ಅವಳೊಬ್ಬಳಿಗೇ ವರ್ಷಗಟ್ಟಲೆ ತಪಾಸಣೆ, ಗಂಡ ಒಂದು ರಕ್ತಪರೀಕ್ಷೆಗೂ ಒಲ್ಲೆ ಎಂದ.

ಸಂಧಾನದ ಕೋಣೆಯಲ್ಲಿ ಕೊನೆಗೆ ಒಂದು ಪಟ್ಟಿ ಆಗುತ್ತದೆ, ಯಾರ ವಸ್ತು ಯಾರಿಗೆ ಎಂದು. ಬೀರು, ಮಂಚ, ಬೆಳ್ಳಿಯ ಕುಂಕುಮ ಭರಣಿ, ಕುಕ್ಕರ್. ಒಂದು ಸಲ ಮಂಡ್ಯ ಕಡೆಯ ಹುಡುಗಿಯೊಬ್ಬಳ ಪಟ್ಟಿ ಬರೆಯುತ್ತಿದ್ದೆ. ಅವಳ ತಾಯಿ ಮಾಂಗಲ್ಯ ಸರದ ತೂಕ ಹೇಳುತ್ತಿದ್ದರು. ಹುಡುಗಿ ತಡೆದು, "ಮೇಡಂ, ಮೊದಲು ನನ್ನ ಎಸ್ಸೆಸ್ಸೆಲ್ಸಿ ಮತ್ತು ಡಿಪ್ಲೊಮಾ ಅಂಕಪಟ್ಟಿ ಬರೆಯಿರಿ, ಅವರ ಮನೆಯ ಟ್ರಂಕಿನಲ್ಲಿವೆ" ಎಂದಳು. ಗಂಡನ ಕಡೆಯವರು ಚಿನ್ನ ಕೊಡಲು ಒಪ್ಪಿದ ಎಷ್ಟೋ ದಿನದ ನಂತರ ಆ ಅಂಕಪಟ್ಟಿ ಬಂತು. ಅದು ಕೈಗೆ ಬಂದರೆ ಇವಳು ಕೆಲಸಕ್ಕೆ ಸೇರುತ್ತಾಳೆ ಎಂಬುದು ಅವರಿಗೂ ಗೊತ್ತಿತ್ತು.

ಓದು ಮದುವೆ ಮುರಿಯುತ್ತದೆಯೇ ಎಂದರೆ, ಅಮೆರಿಕದಲ್ಲಿ ಪದವಿ ಓದಿದವರಲ್ಲಿ ವಿಚ್ಛೇದನ ಓದದವರಿಗಿಂತ ಕಡಿಮೆ, ಹದಿಹರೆಯದಲ್ಲಿ ಮದುವೆಯಾದವರಲ್ಲಿ ಹೆಚ್ಚು. ನಮ್ಮಲ್ಲಿ ಸಂಬಳ ತರುವ ಹೆಣ್ಣುಮಗಳು ಕೆಟ್ಟ ಮದುವೆಯಿಂದ ಬೇಗ ಹೊರಬರುತ್ತಾಳೆ, ಅದು ನಿಜ. ಮದುವೆಯನ್ನು ಕೆಡಿಸಿದ್ದು ಸಂಬಳವಲ್ಲ.

ಈಗ ನಿಮ್ಮ ಕೊನೆಯ ಪ್ರಶ್ನೆ. ಹೆಂಡತಿಯವರ ಮಾತಿಗೆ ದಯವಿಟ್ಟು ಒಪ್ಪಬೇಡಿ. "ಸದ್ಯಕ್ಕೆ ಹೂಂ" ಎಂದ ಮಾತೇ ಆಮೇಲೆ "ಕೆಲಸ ಬಿಡುತ್ತೇನೆಂದು ನಂಬಿಸಿ ಮದುವೆಯಾದಳು" ಎಂದು ಅರ್ಜಿಯ ನಾಲ್ಕನೇ ಪ್ಯಾರಾ ಆಗುತ್ತದೆ. ಹುಡುಗನ ಮನೆ, ಜಮೀನು ನೋಡಿದಷ್ಟೇ ಶ್ರದ್ಧೆಯಿಂದ ಅವನ ಸಾಲ ವಿಚಾರಿಸಿ. ಅವನ ಊರಿಗೆ ನೀವೊಬ್ಬರೇ ಹೋಗಿ, ಸಂಜೆ ಹೊತ್ತು, ಅವನು ಕುಡಿಯುತ್ತಾನೆಯೇ ಎಂದು ತಿಳಿದುಕೊಳ್ಳಿ. ಇಬ್ಬರನ್ನೂ ಒಂದೆರಡು ಸಲ ತಾವೇ ಕುಳಿತು ಮಾತನಾಡಲು ಬಿಡಿ, ಬಾಗಿಲ ಮರೆಯಲ್ಲಿ ಚಿಕ್ಕಮ್ಮನನ್ನು ನಿಲ್ಲಿಸದೆ. ಮದುವೆ ನೋಂದಣಿ ಮಾಡಿಸಿ. ಅಂಕಪಟ್ಟಿಗಳ ಮೂಲಪ್ರತಿ ಅವಳ ಕೈಯಲ್ಲೇ ಇರಲಿ.

ಇನ್ನೂ ಒಂದು. ಮದುವೆಗೆ ಮುಂಚೆ ಹೆಣ್ಣುಮಕ್ಕಳಿಂದ ತವರಿನ ಆಸ್ತಿಯ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿಸುವ ಪದ್ಧತಿ ನಿಮ್ಮ ಕಡೆಯೂ ಇದ್ದರೆ, ಹಾಕಿಸಬೇಡಿ. ನಮ್ಮ ರಾಜ್ಯ 1994ರಲ್ಲೇ, ಕೇಂದ್ರ 2005ರಲ್ಲಿ ಮಗಳಿಗೂ ಪಿತ್ರಾರ್ಜಿತದಲ್ಲಿ ಮಗನಷ್ಟೇ ಹಕ್ಕು ಕೊಟ್ಟಿವೆ. ಪಾಲು ಕೇಳಿಯಾಳು ಎಂಬ ಭಯಕ್ಕೆ ತಂಗಿಯನ್ನು ಮತ್ತೆ ಗಂಡನ ಮನೆಗೇ ತಳ್ಳಿದ ಅಣ್ಣಂದಿರನ್ನು ನಾನು ಬೇಕಾದಷ್ಟು ನೋಡಿದ್ದೇನೆ.

ಉತ್ತರ 2: ಬೆಂಗಳೂರು ಹುಡುಗ

ಮೇಡಂ ಬರೆದಿರುವುದಕ್ಕೆ ಒಂದೆರಡು ಮಾತು ಸೇರಿಸುತ್ತೇನೆ. ನನ್ನದು ಪರಸ್ಪರ ಒಪ್ಪಿಗೆಯ ವಿಚ್ಛೇದನ. ಇಬ್ಬರೂ ಸಾಫ್ಟ್‌ವೇರ್ ಕೆಲಸದವರು. ಸಿದ್ದಯ್ಯ ರಸ್ತೆಯ ನ್ಯಾಯದೇಗುಲದ ಮಧ್ಯಸ್ಥಿಕೆ ಕೇಂದ್ರದಲ್ಲಿ ಎದುರುಬದುರು ಕುಳಿತಾಗ ನಮ್ಮಿಬ್ಬರಿಗೂ ಬೈದುಕೊಳ್ಳಲು ಏನೂ ಇರಲಿಲ್ಲ.

ನಾನು ತಂಗಿಯ ಮದುವೆಗೆ ಮಾಡಿದ ಸಾಲ ತೀರಿಸುತ್ತಿದ್ದೆ, ಸಂಬಳದ ಅರ್ಧಕ್ಕಿಂತ ಹೆಚ್ಚು ಶಿರಸಿಯ ನಮ್ಮ ಮನೆಗೆ ಹೋಗುತ್ತಿತ್ತು. ಅವಳು ತನ್ನ ತಂದೆಯ ಡಯಾಲಿಸಿಸ್ ಖರ್ಚು ನೋಡುತ್ತಿದ್ದಳು. ಎರಡೂ ನ್ಯಾಯವಾದ ಖರ್ಚೇ. ಮದುವೆಗೆ ಮೊದಲು ಎರಡೂ ಮನೆಯವರು, "ಅದನ್ನೆಲ್ಲ ಈಗ ಹೇಳಿದರೆ ಸಂಬಂಧ ತಪ್ಪುತ್ತದೆ" ಎಂದು ನಮ್ಮ ಬಾಯಿ ಮುಚ್ಚಿಸಿದ್ದರು. ಮದುವೆಯಾದ ಮೇಲೆ ಪ್ರತಿ ತಿಂಗಳ ಮೊದಲ ವಾರ ಅದೇ ಲೆಕ್ಕ, ಅದೇ ಮೌನ. ಮುನಿಸು ಎಲ್ಲಿಂದ ಶುರುವಾಯಿತೆಂಬುದೇ ಕೊನೆಗೆ ಇಬ್ಬರಿಗೂ ಮರೆತುಹೋಗಿತ್ತು.

ಕಾನೂನಿನಲ್ಲಿ ಮೊದಲ ಅರ್ಜಿಗೂ ಎರಡನೇ ಹಂತಕ್ಕೂ ನಡುವೆ ಆರು ತಿಂಗಳ ಅಂತರವಿದೆ. 2017ರ ಸುಪ್ರೀಂ ಕೋರ್ಟ್ ತೀರ್ಪಿನ ಪ್ರಕಾರ, ಬೇರೆಯಾಗಿ ಒಂದೂವರೆ ವರ್ಷ ಕಳೆದಿದ್ದು, ರಾಜಿಯ ಪ್ರಯತ್ನ ಮುಗಿದು, ಎಲ್ಲ ಬಾಬತ್ತೂ ಇತ್ಯರ್ಥವಾಗಿದ್ದರೆ ನ್ಯಾಯಾಧೀಶರು ಅದನ್ನು ಮನ್ನಾ ಮಾಡಬಹುದು. ನಮಗೆ ಮನ್ನಾ ಆಯಿತು. ಅಣ್ಣ, ನಿಮ್ಮ ಮಗಳು ಯಾರನ್ನೇ ಮದುವೆಯಾಗಲಿ, ಮನೆಗೆ ತಿಂಗಳಿಗೆ ಎಷ್ಟು ಕಳುಹಿಸುತ್ತೇವೆ ಎಂಬುದನ್ನು ಇಬ್ಬರೂ ನಿಶ್ಚಿತಾರ್ಥಕ್ಕೆ ಮುಂಚೆಯೇ ಬಾಯಿಬಿಟ್ಟು ಹೇಳಿಕೊಳ್ಳಲಿ. ಸಂಬಂಧ ತಪ್ಪಿದರೆ ಆಗಲೇ ತಪ್ಪಲಿ.

ಉತ್ತರ 3: ಗದಗ ಜಿಲ್ಲೆಯಾಕೆ

ಮೇಡಂ, ನೀವು ಬರೆದ ಆ ಹಿತ್ತಲ ಕೋಣೆಯಲ್ಲಿ ಇರುವವಳು ನಾನು. ನನ್ನ ಅಣ್ಣ ಒಳ್ಳೆಯವನು, ಅದನ್ನು ಮೊದಲು ಹೇಳುತ್ತೇನೆ. ನನಗೆ ಒಬ್ಬ ಮಗ, ಏಳನೇ ತರಗತಿ. ಗಾರ್ಮೆಂಟ್ಸ್‌ನಲ್ಲಿ ಹೊಲಿಗೆ ಕೆಲಸ ಮಾಡುತ್ತೇನೆ.

ಗಂಡನ ಹೊಡೆತ ತಾಳದೆ ತವರಿಗೆ ಬಂದಾಗ ಮಗ ಇನ್ನೂ ಎದೆಹಾಲು ಕುಡಿಯುತ್ತಿದ್ದ. ಎರಡೂ ಕಡೆಯ ಹಿರಿಯರು ಗುಡಿಯ ಕಟ್ಟೆಯ ಮೇಲೆ ಕುಳಿತು ಪಂಚಾಯಿತಿ ಮಾಡಿದರು. ಛಾಪಾ ಕಾಗದದ ಮೇಲೆ, "ನಾವಿಬ್ಬರೂ ಒಪ್ಪಿ ಬಿಡುಗಡೆ ಆಗಿದ್ದೇವೆ, ಒಬ್ಬರ ಮೇಲೆ ಒಬ್ಬರಿಗೆ ಹಕ್ಕಿಲ್ಲ" ಎಂದು ಬರೆಸಿ ಸಹಿ ಮಾಡಿಸಿದರು. ತಾಳಿ ತೆಗೆದು ಕೊಟ್ಟೆ. ಮುಂದಿನ ವರ್ಷ ಅವನು ಇನ್ನೊಂದು ಮದುವೆಯಾದ. ಆಕೆಗೆ ಇಬ್ಬರು ಮಕ್ಕಳು.

ನನಗೆ ನಲವತ್ತು ತುಂಬಿತು. ಮನಸ್ವಿನಿ ಯೋಜನೆಯಲ್ಲಿ ಅವಿವಾಹಿತೆಯರಿಗೂ ವಿಚ್ಛೇದಿತೆಯರಿಗೂ ಮಾಸಾಶನವಿದೆ ಎಂದು ಅಂಗನವಾಡಿ ಅಕ್ಕ ಹೇಳಿದಳು. ಅರ್ಜಿ ಹಾಕಲು ಹೋದರೆ ಕೋರ್ಟಿನ ಆದೇಶ ಕೇಳಿದರು, ಈ ಕಾಗದ ನಡೆಯುವುದಿಲ್ಲ ಎಂದರು. ನನ್ನ ಹೆಸರು ಇನ್ನೂ ಅತ್ತೆಯ ರೇಷನ್ ಕಾರ್ಡಿನಲ್ಲೇ ಇದೆ. ತೆಗೆಸಿ ಬೇರೆ ಕಾರ್ಡ್ ಮಾಡಿಸಲು ಹೋದರೆ ಗಂಡನ ಹೆಸರು ಕೇಳುತ್ತಾರೆ. ಈಗ ನಾನು ಯಾರು, ವಿಚ್ಛೇದನ ಆದವಳೋ ಅಲ್ಲವೋ? ಅವನಿಂದ ನನಗೆ ಏನೂ ಬೇಡ ಎಂದುಕೊಂಡೇ ಇಷ್ಟು ವರ್ಷ ಇದ್ದೆ. ಆದರೆ ಮಗನನ್ನು ಓದಿಸಬೇಕು.

ಪ್ರಶ್ನೆ ಕೇಳಿದವರು: ಹರಿಹರದ ತಂದೆ

ಕಪ್ಪುಕೋಟು ಮೇಡಂ, ನಿಮ್ಮ ಉತ್ತರವನ್ನು ಮನೆಯಲ್ಲಿ ಗಟ್ಟಿಯಾಗಿ ಓದಿದೆ. ಮಗಳು ಎದ್ದು ಹೋಗಿ ತನ್ನ ಅಂಕಪಟ್ಟಿಗಳನ್ನು ಒಂದು ಫೈಲಿಗೆ ಹಾಕಿಟ್ಟಳು. ಹೆಂಡತಿ ಸುಮ್ಮನಾಗಿದ್ದಾಳೆ, ಒಪ್ಪಿದ್ದಾಳೆ ಎಂದುಕೊಂಡಿದ್ದೇನೆ. ಆ ಎರಡೂ ಮನೆಯವರಿಗೆ ಫೋನ್ ಮಾಡಿ ಮಗಳು ಕೆಲಸ ಬಿಡುವುದಿಲ್ಲ ಎಂದು ಹೇಳಿದೆ. ಒಬ್ಬರು ಅಲ್ಲಿಗೇ ಮಾತು ಮುಗಿಸಿದರು. ಇನ್ನೊಬ್ಬರು ಹುಡುಗನನ್ನು ಕೇಳಿ ಹೇಳುತ್ತೇವೆ ಎಂದಿದ್ದಾರೆ. ದಯವಿಟ್ಟು ಈಗ ಗದಗದ ತಂಗಿಗೆ ಉತ್ತರ ಕೊಡಿ, ನನ್ನ ಪ್ರಶ್ನೆಗಿಂತ ಅದು ಮುಖ್ಯ.

ಉತ್ತರ 4: ಕಪ್ಪುಕೋಟು

ತಂಗಿ, ನೇರವಾಗಿ ಹೇಳುತ್ತೇನೆ. ಕಾನೂನಿನ ಕಣ್ಣಿನಲ್ಲಿ ನೀವು ಇವತ್ತಿಗೂ ಅವನ ಹೆಂಡತಿ. ಗುಡಿಯ ಕಟ್ಟೆಯ ಮೇಲೆ ಬರೆದ ಕಾಗದದಿಂದ ಮದುವೆ ಮುರಿದುಬೀಳುವುದಿಲ್ಲ.

ಒಂದೇ ಒಂದು ಅಪವಾದವಿದೆ. ಹಿಂದೂ ವಿವಾಹ ಕಾಯ್ದೆಯ 29ನೇ ಕಲಂ ಜಾತಿ ಸಮುದಾಯಗಳ ಹಳೆಯ ರೂಢಿಯ ವಿಚ್ಛೇದನವನ್ನು ಉಳಿಸಿದೆ. ನಮ್ಮ ನಾಡಿನ ಎಷ್ಟೋ ಸಮುದಾಯಗಳಲ್ಲಿ ಬಿಡುಗಡೆಯೂ ಇತ್ತು, ಬಿಟ್ಟವಳಿಗೆ ಉಡಿಕೆ ಎಂಬ ಮರುಮದುವೆಯೂ ಇತ್ತು; ವಿಚ್ಛೇದನ ಪಟ್ಟಣದಿಂದ ಮೊನ್ನೆ ಬಂದ ರೋಗ ಎನ್ನುವವರು ತಮ್ಮ ಅಜ್ಜಿಯರ ಕಾಲವನ್ನು ವಿಚಾರಿಸಿ ನೋಡಲಿ. ಆದರೆ ಅಂಥ ರೂಢಿ ತಮ್ಮಲ್ಲಿದೆ ಎನ್ನುವವರು ಅದನ್ನು ಕೋರ್ಟಿನಲ್ಲಿ ಸಾಕ್ಷಿ ಸಮೇತ ಸಾಬೀತು ಮಾಡಬೇಕು. ಹಿರಿಯರು ಬರೆಸಿದರು ಎಂದರೆ ಸಾಲದು. ಸುಪ್ರೀಂ ಕೋರ್ಟ್ 2002ರಲ್ಲಿ ಇದನ್ನು ಖಡಾಖಂಡಿತವಾಗಿ ಹೇಳಿದೆ.

ಹಾಗಾಗಿ ಅವನ ಎರಡನೇ ಮದುವೆ ಶೂನ್ಯ, ಅಂದರೆ ಕಾನೂನಿನ ಲೆಕ್ಕದಲ್ಲಿ ಆಗಿಯೇ ಇಲ್ಲ. ಆ ಹೆಂಗಸಿಗೂ ಮೋಸವಾಗಿದೆ, ಅವಳಿಗೆ ಇದು ಗೊತ್ತೇ ಇಲ್ಲದಿರಬಹುದು. ಅವಳ ಮಕ್ಕಳದ್ದೇನೂ ತಪ್ಪಿಲ್ಲ. ಕಾನೂನು ಅವರನ್ನು ಸಕ್ರಮ ಮಕ್ಕಳೆಂದೇ ನೋಡುತ್ತದೆ. ನಮ್ಮ ರಾಜ್ಯದಿಂದಲೇ ಹೋದ ರೇವಣಸಿದ್ದಪ್ಪ ಪ್ರಕರಣದಲ್ಲಿ 2023ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ತಂದೆಯ ಪಾಲಿನಲ್ಲಿ ಅಂಥ ಮಕ್ಕಳಿಗೂ ಹಕ್ಕಿದೆ ಎಂದಿತು. ನಿಮ್ಮ ಮಗನಿಗಂತೂ ಪಿತ್ರಾರ್ಜಿತ ಆಸ್ತಿಯಲ್ಲಿ ಹುಟ್ಟಿನಿಂದಲೇ ಹಕ್ಕಿದೆ. ನಿಮ್ಮ ಸಹಿ ಅವನ ಹಕ್ಕನ್ನು ಬಿಟ್ಟುಕೊಡಲಾರದು.

"ನನಗೆ ಏನೂ ಬೇಡ" ಎಂಬ ನಿಮ್ಮ ಮಾತಿನ ಹಿಂದಿನ ಅಭಿಮಾನ ನನಗೆ ಅರ್ಥವಾಗುತ್ತದೆ. ಆದರೆ ಮಗನ ಪರವಾಗಿ ಹಾಗೆ ಹೇಳಬೇಡಿ. ಮೊದಲು ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) 125ನೇ ಕಲಂ ಎನ್ನುತ್ತಿದ್ದೆವು, 2024ರ ಜುಲೈಯಿಂದ ಅದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಂ. ಅದರಡಿ ನಿಮಗೂ ಮಗನಿಗೂ ಜೀವನಾಂಶ ಕೇಳಬಹುದು. ಜೀವನಾಂಶವನ್ನು ಅರ್ಜಿ ಹಾಕಿದ ದಿನದಿಂದ ಲೆಕ್ಕ ಹಾಕಬೇಕು ಎಂದು 2020ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಅಂದರೆ ನೀವು ತಡ ಮಾಡಿದ ಒಂದೊಂದು ತಿಂಗಳೂ ಮಗನ ಕೈತಪ್ಪುತ್ತದೆ. ಇಬ್ಬರೂ ಒಪ್ಪಿಯೇ ಬೇರೆಯಾದೆವು ಎಂದು ಅವನು ಆ ಕಾಗದ ಮುಂದೆ ಹಿಡಿಯುವುದು ಖಂಡಿತ. ಹೆದರಬೇಡಿ. ಗಂಡ ಇನ್ನೊಬ್ಬಳನ್ನು ಮದುವೆಯಾಗಿದ್ದರೆ ಹೆಂಡತಿ ಅವನ ಜೊತೆ ಇರಲು ಒಪ್ಪದಿರುವುದು ನ್ಯಾಯ ಎಂದು ಅದೇ ಕಲಮಿನಲ್ಲಿ ಬರೆದಿದೆ.

ವಿಚ್ಛೇದನ ಬೇಕೇ ಬೇಡವೇ ಎಂಬುದನ್ನು ಮಾತ್ರ ಅವಸರದಲ್ಲಿ ತೀರ್ಮಾನಿಸಬೇಡಿ. ಆದೇಶ ಬಂದರೆ ಮನಸ್ವಿನಿಗೆ ಅರ್ಜಿ ಹಾಕಬಹುದು, ಬೇಕೆನಿಸಿದರೆ ಇನ್ನೊಂದು ಮದುವೆಯೂ ಆಗಬಹುದು. ಆದರೆ ಹೆಂಡತಿಯಾಗಿ ಅವನ ಆಸ್ತಿಯಲ್ಲಿ ವಾರಸುದಾರಳಾಗುವ ಹಕ್ಕು ಅಲ್ಲಿಗೆ ಮುಗಿಯುತ್ತದೆ. ಅವನಿಗೆ ಜಮೀನಿದೆಯೇ, ನೌಕರಿ ಇದೆಯೇ ಎಂಬುದನ್ನೆಲ್ಲ ನೋಡಿಕೊಂಡು ನಿಮ್ಮ ವಕೀಲರ ಜೊತೆ ಕುಳಿತು ಮಾತನಾಡಿ. ಜೀವನಾಂಶದ ಅರ್ಜಿ ಮಾತ್ರ ಮೊದಲು ಬೀಳಲಿ.

ವಕೀಲರ ಫೀಸಿನ ಚಿಂತೆ ಬೇಡ. ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಲ್ಲಿ ಹೆಣ್ಣುಮಕ್ಕಳಿಗೆ ವರಮಾನದ ಮಿತಿಯಿಲ್ಲದೆ ಉಚಿತ ವಕೀಲರ ನೆರವಿದೆ. 15100ಕ್ಕೆ ಕರೆ ಮಾಡಿದರೆ ದಾರಿ ಹೇಳುತ್ತಾರೆ. ಅಥವಾ ನಿಮ್ಮ ತಾಲ್ಲೂಕು ನ್ಯಾಯಾಲಯಕ್ಕೆ ಹೋಗಿ ಕಾನೂನು ಸೇವಾ ಸಮಿತಿಯ ಕಚೇರಿ ಎಲ್ಲಿ ಎಂದು ಕೇಳಿ. ಹೋಗುವಾಗ ಲಗ್ನಪತ್ರಿಕೆ, ಮದುವೆಯ ಫೋಟೊ, ಮಗನ ಜನನ ಪ್ರಮಾಣಪತ್ರ, ನಿಮ್ಮ ಆಧಾರ್, ಆ ಛಾಪಾ ಕಾಗದದ ನಕಲು ಒಯ್ಯಿರಿ. ಎರಡನೇ ಮದುವೆಯ ಆಮಂತ್ರಣ ಪತ್ರಿಕೆಯೋ ಫೋಟೊವೋ ಊರಿನಲ್ಲಿ ಯಾರ ಬಳಿಯಾದರೂ ಇದ್ದರೆ ಅದನ್ನೂ ಕೇಳಿ ಇಟ್ಟುಕೊಳ್ಳಿ. ಅಣ್ಣ ಜೊತೆಗೆ ಬರುತ್ತಾನೆಂದರೆ ಕರೆದುಕೊಂಡು ಹೋಗಿ.